ಐದನೇ ಮನೆಯ ಹಿಡಿ ಅಕ್ಕಿ

ಬೆಂಗಳೂರಿನಲ್ಲಿ ರೂಮು ಬಾಡಿಗೆಗೆ ಕೊಡುವವರು ನಮ್ಮ ಹೆಸರನ್ನು ಕೊನೆಗೆ ಕೇಳುತ್ತಾರೆ. ಮೊದಲು ಕೇಳುವುದು ‘ನೀವು ಯಾವ ಜನ?’ ಎಂದು. ಕೆಲವರಿಗೆ ಅಷ್ಟು ನೇರವಾಗಿ ಕೇಳಲು ನಾಚಿಕೆ. ಅವರು ‘ವೆಜ್ಜಾ, ನಾನ್‌ವೆಜ್ಜಾ?’ ಎಂದು ಸುತ್ತು ಹೊಡೆದು ಅಲ್ಲಿಗೇ ಬರುತ್ತಾರೆ. ರಿಚರ್ಡ್ಸ್ ಟೌನಿನ ದೊಡ್ಡ ಮನೆಯೊಂದರ ಔಟ್‌ಹೌಸು ನೋಡಲು ಹೋಗಿದ್ದೆವು. ಇಸ್ತ್ರಿ ಮಾಡಿದ ಅಂಗಿಯ ಮುದುಕರೊಬ್ಬರು ನನ್ನ ಹಣೆಯ ಕುಂಕುಮವನ್ನೂ ನನ್ನ ಗಂಡನ ಕೈಯ ಸಿಮೆಂಟಿನ ಕಲೆಯನ್ನೂ ನೋಡಿ, ಏನೂ ಕೇಳದೆಯೇ, ಅದು ನಿನ್ನೆಯೇ ಹೋಯಿತಮ್ಮ ಎಂದರು. ‘ಟು ಲೆಟ್’ ಬೋರ್ಡು ಅವರ ಗೇಟಿನ ಮೇಲೆ ಇನ್ನೂ ಒಂದು ತಿಂಗಳು ನೇತಾಡುತ್ತಿತ್ತು. ಬಸ್ಸಿನಲ್ಲಿ ಆ ಕಡೆ ಹೋಗುವಾಗೆಲ್ಲ ಬೇಕೆಂದೇ ತಿರುಗಿ ನೋಡುತ್ತಿದ್ದೆ.

ನಾಲ್ಕು ತಿಂಗಳು ಅಲೆದ ಮೇಲೆ ಜೋಗುಪಾಳ್ಯದಲ್ಲಿ ಏಳು ರೂಮುಗಳ ವಠಾರದಲ್ಲಿ ಮಹಡಿಯ ಮೇಲಿನ ರೂಮು ಸಿಕ್ಕಿತು. ಮಗಳ ಶಾಲೆ ನಡೆದು ಹೋಗುವಷ್ಟು ಹತ್ತಿರ. ನಾನು ಕಮರ್ಷಿಯಲ್ ಸ್ಟ್ರೀಟಿನ ಹಿಂದಿನ ಓಣಿಯಲ್ಲಿ ಬ್ಲೌಸ್ ಹೊಲಿಯುವ ಅಂಗಡಿಯಲ್ಲಿ ಕೆಲಸಕ್ಕಿದ್ದೇನೆ. ಅಲ್ಲಿಗೆ ಒಂದೇ ಬಸ್ಸು. ಗಂಡನಿಗೆ ಕೆ.ಆರ್. ಪುರದ ಕಡೆ ಏಳುವ ಅಪಾರ್ಟ್‌ಮೆಂಟುಗಳಲ್ಲಿ ಟೈಲ್ಸ್ ಕೂರಿಸುವ ಕೆಲಸ, ಹೋದರೆ ವಾರಗಟ್ಟಲೆ ಅಲ್ಲೇ. ಕೆಳಗಿನ ಮುಂಭಾಗದ ಮನೆಯಲ್ಲಿದ್ದ ಓನರಮ್ಮ ನಮಗೆ ಹಾಕಿದ್ದು ಒಂದೇ ಪ್ರಶ್ನೆ: ‘ನೀವು ನಮ್ಮೋರೇ ತಾನೆ?’ ಹೌದು ಎಂದೆ. ನಮ್ಮೋರು ಎಂದರೆ ಯಾರು ಎಂದು ಆಗಲೇ ಕೇಳಬೇಕಿತ್ತು. ನಾಲ್ಕು ತಿಂಗಳು ಚಪ್ಪಲಿ ಸವೆಸಿದವಳು ಹಾಗೆಲ್ಲ ಕೇಳುತ್ತಾಳೆಯೇ?

ನಮ್ಮೂರು ರಾಯಚೂರಿನ ಕಡೆ. ಮೊಹರಮ್ಮಿಗೆ ನಾವು ಅಲಾಯಿ ಹಬ್ಬ ಎನ್ನುತ್ತೇವೆ. ಊರಲ್ಲಿ ಮುಸಲ್ಮಾನರ ಮನೆ ಒಂದೇ ಒಂದು. ಆ ಮನೆಯ ಮುಲ್ಲಾ ಸಕ್ಕರೆಯ ಮೇಲೆ ಫಾತಿಹಾ ಓದುತ್ತಾನೆ, ಅಷ್ಟೇ ಅವನ ಕೆಲಸ. ದೇವರು ಹೊರುವುದು, ಬೆಂಕಿಯ ಕುಣಿ ತೋಡುವುದು, ಮಸೂತಿಗೆ ಸುಣ್ಣ ಬಳಿಯುವುದು, ಎಲ್ಲ ನಮ್ಮವರದೇ. ಇದು ಯಾರ ದೇವರು ಎಂದು ಅಲ್ಲಿ ಯಾರಾದರೂ ಕೇಳಿದರೆ ಜನ ಅವನ ತಲೆ ನೆಟ್ಟಗಿದೆಯೇ ಎಂದು ನೋಡುತ್ತಾರೆ. ನನ್ನ ಮಗಳು ಎಂಟು ತಿಂಗಳ ಕೂಸಾಗಿದ್ದಾಗ ಜ್ವರ ಏರಿ ಕಣ್ಣು ತೇಲಿಸಿಬಿಟ್ಟಿದ್ದಳು. ಆಸ್ಪತ್ರೆಯ ವರಾಂಡದಲ್ಲಿ ಕೂತು ನನ್ನ ಅವ್ವ ಹರಕೆ ಹೊತ್ತಳು: ಕೂಸು ಉಳಿದರೆ ಹನ್ನೆರಡು ತುಂಬುವ ತನಕ ಪ್ರತಿ ಅಲಾಯಿ ಹಬ್ಬಕ್ಕೂ ಫಕೀರ ಮಾಡುತ್ತೇನೆ ಎಂದು.

ಫಕೀರ ಎಂದ ಕೂಡಲೇ ಗಾಬರಿ ಬೀಳುವುದು ಬೇಡ. ಮಗುವಿನ ಕೊರಳಿಗೆ ಲಾಡಿ ಎನ್ನುವ ಕೆಂಪು ನೂಲಿನ ಹುರಿ ಕಟ್ಟುತ್ತಾರೆ. ಒಂಬತ್ತನೆಯ ದಿನ ಮಗು ಜೋಳಿಗೆ ಹಿಡಿದು ಐದು ಮನೆಯ ಬಾಗಿಲಿಗೆ ಹೋಗಿ ನಿಲ್ಲುತ್ತದೆ. ಬಾಯಿ ಬಿಟ್ಟು ಬೇಡುವ ಹಾಗಿಲ್ಲ. ಮನೆಯವರೇ ಬಂದು ಒಂದು ಹಿಡಿ ಕಾಳು ಹಾಕಬೇಕು. ಐದೂ ಹಿಡಿಯನ್ನು ಒಟ್ಟಿಗೆ ಬೇಯಿಸಿ, ಎಡೆ ಇಟ್ಟು, ಮಗು ಉಂಡರೆ ಆ ವರ್ಷದ್ದು ಮುಗಿಯಿತು. ನಮ್ಮ ಮನೆತನದಲ್ಲಿ ಇನ್ನೊಂದು ರೂಢಿ ಉಂಟು. ನಾವು ಯಾರ ಜಾಗದಲ್ಲಿ ಮಲಗಿ ಏಳುತ್ತೇವೆಯೋ ಐದನೆಯ ಹಿಡಿ ಅವರದೇ ಆಗಬೇಕು. ಊರಲ್ಲಿ ಅದು ಗೌಡರ ಮನೆಯದು, ನಾವು ಗುಡಿಸಲು ಹಾಕಿಕೊಂಡ ಜಾಗ ಅವರದಾದ್ದರಿಂದ. ಗೌಡರ ಸೊಸೆ ಒಂದು ಹಿಡಿಗೆ ಎರಡು ಹಿಡಿ ಹಾಕಿ, ಮಗುವಿನ ಕೆನ್ನೆ ಹಿಂಡಿ ಕಳಿಸುತ್ತಿದ್ದಳು.

ಪ್ರತಿ ವರ್ಷವೂ ಊರಿಗೆ ಹೋಗಿಯೇ ಮಾಡಿಸುತ್ತಿದ್ದೆವು. ಮಗಳಿಗೆ ಒಂಬತ್ತು ವರ್ಷವಾದಾಗ ಹಬ್ಬ ಅವಳ ಪರೀಕ್ಷೆಯ ನಡುವೆಯೇ ಬಂತು. ಗಂಡನಿಗೂ ರಜೆ ಇಲ್ಲ. ಫೋನಿನಲ್ಲಿ ಅವ್ವನಿಗೆ ಹೇಳಿದರೆ ಅವಳಿಗೆ ಅದು ಸಮಸ್ಯೆ ಎನ್ನಿಸಲೇ ಇಲ್ಲ.

‘ಅಲ್ಲೇ ಐದು ಮನಿ ನಿಂದರಸು. ಅಲ್ಲೂ ಮಂದಿ ಅದಾರಲ್ಲ?’ ಎಂದಳು.

‘ಇಲ್ಲಿ ಮಂದಿ ಬ್ಯಾರೆ ಅದಾರವ್ವ.’

‘ಮಂದಿ ಎಲ್ಲಿದ್ರೂ ಮಂದೀನ. ಹಿಡಿ ಕಾಳು ಹಾಕಾಕ ಏನು ಬಂದದ ಅವರಿಗೆ?’

ಬೆಂಗಳೂರಿಗೆ ಗಾರೆ ಕೆಲಸಕ್ಕೆ ಬರುವವರ ಕೈಯಲ್ಲಿ ಲಾಡಿ ಕಳಿಸಿಕೊಟ್ಟಳು. ಅದನ್ನು ಕಟ್ಟುವ ಮುನ್ನ ಸಕ್ಕರೆ ಓದಿಸಬೇಕು. ನಮ್ಮ ಅಂಗಡಿಯ ಕಟಿಂಗ್ ಮಾಸ್ಟರು ಶಿವಾಜಿನಗರದವರು, ನಮಾಜು ತಪ್ಪಿಸದವರು. ಹನ್ನೊಂದು ವರ್ಷ ನಾವಿಬ್ಬರೂ ಒಂದೇ ಮೇಜಿನ ಎರಡು ತುದಿಯಲ್ಲಿ ಕೂತು ಊಟದ ಡಬ್ಬಿ ಬಿಚ್ಚಿದವರು. ಅವರಿಗೆ ಸಕ್ಕರೆ ಪೊಟ್ಟಣ ಕೊಟ್ಟಾಗ ಮುಖ ಅರಳಿತು. ನಮ್ಮಪ್ಪ ಓದ್ತಿದ್ರಮ್ಮ, ಚಿಕ್ಕೋನಿದ್ದಾಗ ಎಷ್ಟು ತಿಂದಿದೀನಿ, ಎಂದು ಜೇಬಿಗೆ ಹಾಕಿಕೊಂಡು ಹೋದರು. ಮರುದಿನ ಪೊಟ್ಟಣ ಹಾಗೆಯೇ ವಾಪಸು ಬಂತು. ನಾನು ಕಟ್ಟಿದ್ದ ದಾರವನ್ನೂ ಬಿಚ್ಚಿರಲಿಲ್ಲ.

‘ನಕ್ಕೋ ಅಮ್ಮಾ, ಬೇಡ,’ ಎಂದರು, ಬಟ್ಟೆಯ ಮೇಲೆ ಸೀಮೆಸುಣ್ಣದ ಗೆರೆ ಎಳೆಯುತ್ತ. ‘ಮಗ ಜಗಳಕ್ಕೆ ಬಂದ. ಇದು ಯಾವ್ದೂ ನಮ್ಮ ಧರ್ಮದಲ್ಲಿಲ್ಲ, ಪಾಪ ಅಂತಾನೆ. ಆ ಹೆಂಗಸಿಗೆ ಅವ್ರ ದೇವ್ರು ಸಾಲ್ದಾ ಅಂತಾನೆ.’

‘ನೀವೇನಂದ್ರಿ ಮಾಸ್ಟ್ರೇ?’

ಅವರು ಕತ್ತರಿ ಕೈಗೆತ್ತಿಕೊಂಡರು. ಅವರ ಮಗ ಓದಿದವನು, ಮೊಬೈಲಿನಲ್ಲಿ ಯಾರ್ಯಾರದೋ ಉಪದೇಶ ಕೇಳುತ್ತಾನೆ, ಅಪ್ಪನ ಬಾಯಿಯ ಸಕ್ಕರೆಯನ್ನೂ ಕಕ್ಕಿಸುತ್ತಾನೆ. ನನಗೆ ಮಗನ ಮೇಲಿನ ಸಿಟ್ಟಿಗಿಂತ ಮಾಸ್ಟರ ಮೇಲೆ ಹೇಸಿಗೆಯಾಯಿತು. ಅಷ್ಟು ವಯಸ್ಸಾದ ಮನುಷ್ಯ ಮನೆಯಲ್ಲಿ ಒಂದು ಮಾತಾಡಲಾರನೇ ಎಂದು ಮನಸ್ಸಿನಲ್ಲೇ ಉಗಿದೆ. ಅವರ ಬಗ್ಗೆ ಹಾಗೆ ಅಂದುಕೊಳ್ಳುವ ಯೋಗ್ಯತೆ ನನಗೆ ಇದ್ದದ್ದು ಇನ್ನು ಮೂರೇ ದಿನ.

ಸಕ್ಕರೆ ಓದಿಸದೆಯೇ ಲಾಡಿ ಕಟ್ಟಿದೆ. ಒಂಬತ್ತನೆಯ ದಿನ ಭಾನುವಾರವಾಗಿತ್ತು. ಮಗಳಿಗೆ ತಲೆಗೆ ನೀರು ಹಾಕಿ, ನಾನೇ ಹೊಲಿದ ಹಸಿರು ಲಂಗ ತೊಡಿಸಿ, ಹೆಗಲಿಗೆ ಜೋಳಿಗೆ ಹಾಕಿದೆ. ಅವಳಿಗೆ ಸಂಭ್ರಮವೋ ಸಂಭ್ರಮ. ಊರಲ್ಲಿ ಹತ್ತಿಪ್ಪತ್ತು ಮಕ್ಕಳ ನಡುವೆ ಅವಳೂ ಒಬ್ಬಳು. ಇಲ್ಲಿ ಇಡೀ ವಠಾರಕ್ಕೆ ತಾನೊಬ್ಬಳೇ ಫಕೀರ.

ಪಕ್ಕದ ರೂಮಿನವರು ಲಿಂಗಸುಗೂರಿನ ಕಡೆಯವರು. ಆ ಮನೆಯ ಮುದುಕಿ ಮಗಳ ಕೊರಳಿನ ಲಾಡಿ ನೋಡಿದವಳೇ ‘ಅಯ್ ನನ್ನವ್ವ’ ಎಂದು ಎದ್ದು ಬಂದು, ಕಾಳು ಹಾಕಿ, ಮಗುವಿನ ಕಾಲು ಮುಟ್ಟಿ ಕಣ್ಣಿಗೆ ಒತ್ತಿಕೊಂಡಳು. ಇದು ಸುಲಭವಿದೆ ಎಂದುಕೊಂಡೆ. ಅದರಾಚೆಯ ರೂಮಿನವನು ನಮ್ಮ ಪಕ್ಕದೂರಿನವನೇ. ಹತ್ತು ವರ್ಷದ ಹುಡುಗನಾಗಿದ್ದಾಗ ಅವನ ಕೊರಳಲ್ಲೂ ಲಾಡಿ ಇದ್ದದ್ದನ್ನು ನಾನು ಕಣ್ಣಾರೆ ಕಂಡಿದ್ದೇನೆ. ಈಗ ಹಣೆಗೆ ಉದ್ದ ನಾಮ, ಸಂಜೆಯ ಹೊತ್ತು ಯಾವುದೋ ಗುಂಪಿನ ಮೀಟಿಂಗು. ಬಾಗಿಲಲ್ಲಿ ನಿಂತ ನನ್ನ ಮಗಳನ್ನು ಅವನು ನೋಡಲೇ ಇಲ್ಲ, ನನ್ನನ್ನು ನೋಡಿದ.

‘ಇವನ್ನೆಲ್ಲ ಬಿಡಬೇಕ್ರಿ ಅಕ್ಕ. ಅಲ್ಲಿದ್ದಾಗ ಗೊತ್ತಿಲ್ಲದ ಮಾಡ್ತಿದ್ವಿ. ಇಲ್ಲಿಗೆ ಬಂದಮ್ಯಾಲೆ ತಿಳೀತು.’

‘ಏನು ತಿಳೀತಪ್ಪ?’

‘ನಾವು ಯಾರಂತ.’

ಬಾಗಿಲು ಹಾಕಿಕೊಂಡ. ತಾನು ಯಾರೆಂದು ತಿಳಿಯಲು ರಾಯಚೂರಿನಿಂದ ಜೋಗುಪಾಳ್ಯಕ್ಕೆ ಬರಬೇಕಾಯಿತಂತೆ ಮಹಾರಾಯನಿಗೆ. ನಾವು ಎರಡು ಹೆಜ್ಜೆ ಇಟ್ಟಿರಲಿಲ್ಲ, ಅವನ ಹೆಂಡತಿ ಕಿಟಕಿಯ ಸರಳಿನ ನಡುವೆ ಕೈ ತೂರಿಸಿ ಹಿಡಿ ಜೋಳ ಜೋಳಿಗೆಗೆ ಸುರಿದಳು. ‘ಹೇಳಬ್ಯಾಡ್ರಿ’ ಎಂದು ಪಿಸುಗುಟ್ಟಿದಳು. ಮಗಳು ಕಾಲು ಮುಟ್ಟಲು ಬಗ್ಗಿದಳು, ಆದರೆ ಕಿಟಕಿಯ ಹೊರಗಿದ್ದದ್ದು ಬರೀ ಕೈ. ಆ ಕೈಯನ್ನೇ ಮುಟ್ಟಿ ನಮಸ್ಕಾರ ಮಾಡಿದಳು. ದೇವರ ಹೆಸರಿನ ಕಾಳು ಕದ್ದ ಮಾಲಿನ ಹಾಗೆ ಕೈ ಬದಲಾಯಿಸಿತ್ತು.

ಎದುರು ರೂಮಿನ ಅಮ್ಮ ಹೊಸಕೋಟೆ ರಸ್ತೆಯ ಹಳ್ಳಿಯವರು. ಇಂದಿರಾನಗರದಲ್ಲಿ ಒಂದು ಕ್ಲಿನಿಕ್ಕಿನಲ್ಲಿ ಆಯಾ ಕೆಲಸ. ಅವರ ಮನೆಯವರೆಲ್ಲ ಬೌದ್ಧರಾಗಿ ಬಹಳ ವರ್ಷವಾಗಿದೆ. ಗೋಡೆಯ ಮೇಲೆ ಬುದ್ಧನ ಪಟ ಬಿಟ್ಟರೆ ಬೇರೆ ಇಲ್ಲ. ದೇವರು, ಹರಕೆ ಎಂದರೆ ಮೂಗು ಮುರಿಯುವವರು. ಹೋಗುವುದೋ ಬೇಡವೋ ಎಂದು ನಾನು ನಿಂತಿರುವಾಗಲೇ ಮಗಳು ಹೋಗಿ ಜೋಳಿಗೆ ಹಿಡಿದಾಗಿತ್ತು.

‘ನಾನು ಹರಕೆ ಗಿರಕೆ ನಂಬಲ್ಲ, ನಿಂಗೊತ್ತಲ್ಲಮ್ಮ,’ ಎಂದು ಅವರು ನನಗೆ ಕೇಳುವ ಹಾಗೆ ಹೇಳಿದರು. ‘ನಿಮ್ಮ ದೇವ್ರಿಗೆ ಅಂತ ಒಂದು ಕಾಳೂ ಕೊಡಲ್ಲ. ಆದ್ರೆ ಮಗು ಬಾಗ್ಲಿಗೆ ಬಂದೈತೆ, ಬರಿಗೈಲಿ ಕಳ್ಸಕಾಗಲ್ಲ.’ ಒಳಗಿಂದ ಅಕ್ಕಿ ತಂದು ಹಾಕಿದರು. ಆಮೇಲೆ ಮಗಳ ಗಲ್ಲ ಎತ್ತಿ, ‘ತಿಂಡಿ ತಿಂದ್ಯಾ, ಇಲ್ಲಾ ಉಪವಾಸ ಕೆಡವವ್ಳಾ ನಿಮ್ಮಮ್ಮ?’ ಎಂದು ಕೇಳಿದರು. ಆ ದಿನ ನಾನು ಮನಸಾರೆ ನಕ್ಕದ್ದು ಅಲ್ಲಿ ಒಂದೇ ಸಲ. ಗೇಟಿನ ಬಳಿ ಹೂ ಕಟ್ಟುವ ತಮಿಳಿನ ಅಕ್ಕನಿಂದ ನಾಲ್ಕನೆಯ ಹಿಡಿ ಸಿಕ್ಕಿತು, ಜೊತೆಗೆ ಮಗಳ ಜಡೆಗೆ ಒಂದು ತುಂಡು ಕನಕಾಂಬರ.

ಉಳಿದದ್ದು ಐದನೆಯದು. ನಾವು ಮಲಗಿ ಏಳುವ ಜಾಗ ಓನರಮ್ಮನದು. ಬೇರೆ ಯಾರದೋ ಮನೆಯ ಹಿಡಿ ತಂದು ಲೆಕ್ಕ ತುಂಬಿಸಬಹುದಿತ್ತು, ಓಣಿಯಲ್ಲಿ ಇನ್ನೆಷ್ಟೋ ಬಾಗಿಲುಗಳಿದ್ದವು. ನನಗೆ ಅದು ಹೊಳೆಯಲೇ ಇಲ್ಲ. ಗೌಡರ ಸೊಸೆಯ ಜಾಗದಲ್ಲಿ ಓನರಮ್ಮನನ್ನು ಇಟ್ಟುಕೊಂಡು ನೋಡಿದ್ದೆ, ನಮ್ಮೂರಿನ ದಡ್ಡಿಯ ಹಾಗೆ. ಅವರು ಕೆಟ್ಟವರಲ್ಲ. ಮಗಳಿಗೆ ಡೆಂಗ್ಯೂ ಬಂದಾಗ ಎರಡು ಹೊತ್ತು ಗಂಜಿ ಮಾಡಿ ಮಹಡಿ ಹತ್ತಿ ತಂದುಕೊಟ್ಟವರು. ಅದನ್ನು ಬರೆಯದೆ ಬಿಟ್ಟರೆ ನನಗೆ ಸುಖವಾಗುತ್ತಿತ್ತು.

ಅವರ ಮನೆಯ ಹಾಲ್‌ನಲ್ಲಿ ಭಜನೆ ಮಂಡಳಿಯ ಇಬ್ಬರು ಹೆಂಗಸರು ಕೂತಿದ್ದರು. ಓನರಮ್ಮ ತಟ್ಟೆಯಲ್ಲಿ ಬೀನ್ಸ್ ಹೆಚ್ಚುತ್ತ ಮಾತಾಡುತ್ತಿದ್ದರು. ನನ್ನ ಮಗಳನ್ನು ನೋಡಿ ಅವರ ಮುಖ ತುಂಬ ನಗು.

‘ಏನೇ ಪುಟ್ಟಿ, ಸ್ಕೂಲಲ್ಲಿ ಫ್ಯಾನ್ಸಿ ಡ್ರೆಸ್ಸಾ?’

ಮಗಳು ಮಾತಾಡಲಿಲ್ಲ, ಮಾತಾಡಬಾರದಲ್ಲ. ನಾನು ಹರಕೆ ಆಂಟಿ, ಒಂದು ಹಿಡಿ ಅಕ್ಕಿ ಹಾಕಿ ಎಂದೆ. ‘ಅಯ್ಯೋ, ಅದಕ್ಕೇನು’ ಎಂದು ಎದ್ದು ಹೋಗಿ ಹಿಡಿ ತುಂಬ ಅಕ್ಕಿ ತಂದರು. ಜೋಳಿಗೆಯ ಮೇಲೆ ಕೈ ಚಾಚಿ, ಯಾವ ದೇವ್ರಿಗಮ್ಮ ಎಂದು ಸುಮ್ಮನೆ ಕೇಳಿದರು. ಮಗಳಿಗೆ ಅಲ್ಲಿಯ ತನಕ ತಡೆದುಕೊಂಡ ಬಾಯಿ ಬಿಟ್ಟೇ ಹೋಯಿತು.

‘ಅಲಾಯಿ ದೇವ್ರಿಗೆ ಆಂಟಿ! ಮೊಹರಮ್ ಬರುತ್ತಲ್ಲ, ಅದು!’

ಹಿಡಿ ಬಿಚ್ಚಲಿಲ್ಲ. ಜೋಳಿಗೆಯ ಮೇಲೆ ಹಾಗೆಯೇ ನಿಂತು, ಮೆಲ್ಲಗೆ ಹಿಂದಕ್ಕೆ ಹೋಯಿತು. ಒಂದೇ ಅಕ್ಕಿ, ಒಂದೇ ಕೈ. ಒಂದು ಮಾತು ನಡುವೆ ಬಂದದ್ದಕ್ಕೆ ಅದು ಕೊಡಬಾರದ್ದಾಯಿತು.

‘ನೀವು ಅವ್ರಾ?’ ಎಂದರು ಓನರಮ್ಮ.

‘ಅಲ್ಲ ಆಂಟಿ, ನಮ್ಮ ಕಡೆ ಎಲ್ಲರೂ ಮಾಡ್ತಾರೆ...’

‘ಹೀಗೇ ರೀ ಇವ್ರು,’ ಎಂದಳು ಕೂತಿದ್ದವರಲ್ಲಿ ಒಬ್ಬಳು, ನನಗಲ್ಲ, ಓನರಮ್ಮನಿಗೆ. ‘ಕುಂಕುಮ ಇಟ್ಕೊಂಡು ಬಂದು ಸೇರ್ಕೊಂಡ್ಬಿಡ್ತಾರೆ. ಆಮೇಲೆ ಗೊತ್ತಾಗೋದು.’

ಇನ್ನೊಬ್ಬಳು ತನ್ನ ಸೀರೆಯ ಸೆರಗನ್ನು ಮಗಳ ಕಡೆಯಿಂದ ಒಳಕ್ಕೆ ಎಳೆದುಕೊಂಡಳು. ಕಣ್ಣಿಗೆ ಕಂಡೂ ಕಾಣದಷ್ಟು ಸಣ್ಣದಾಗಿ. ನಾನು ದಿನವೂ ಅಂಥ ಸೀರೆಗಳಿಗೆ ಬ್ಲೌಸ್ ಹೊಲಿಯುವವಳು, ನನಗೆ ಕಂಡಿತು.

‘ನನಗೇನಿಲ್ಲಮ್ಮ,’ ಎಂದರು ಓನರಮ್ಮ. ಈ ಊರಲ್ಲಿ ಕತ್ತು ಹಿಚುಕುವವರೆಲ್ಲ ಮೊದಲು ಹೇಳುವ ಮಾತು ಇದೇ. ‘ನಾಲ್ಕು ಜನ ಬಂದು ಹೋಗೋ ಮನೆ. ನಮ್ಮೋರು ಅಂತ ಹೇಳಿ ತಾನೆ ನೀವು ಬಂದಿದ್ದು? ನಮ್ಮೋರೇ ಆದ್ರೆ ಅದನ್ನ ಮಗು ಕತ್ತಿಂದ ತೆಗೀರಿ. ಇಲ್ಲಾಂದ್ರೆ ಈ ತಿಂಗಳು ಮುಗೀಲಿ, ಬೇರೆ ಕಡೆ ನೋಡ್ಕೊಳ್ಳಿ.’

ನಾನು ಅಲ್ಲಿ ಹೇಳಬಹುದಾಗಿದ್ದ ಮಾತುಗಳೆಲ್ಲ ಈಗ ನನಗೆ ಬಾಯಿಪಾಠ. ಬಸ್ಸಿನಲ್ಲಿ, ಮಷೀನಿನ ಮುಂದೆ, ಒಗೆಯುವ ಕಲ್ಲಿನ ಬಳಿ ಎಷ್ಟು ಸಲ ಹೇಳಿಕೊಂಡಿದ್ದೇನೋ! ಆಗ ನನ್ನ ತಲೆಯಲ್ಲಿದ್ದದ್ದು ನಾಲ್ಕು ತಿಂಗಳ ಅಲೆದಾಟ, ಹತ್ತಿರದ ಶಾಲೆ, ಮತ್ತೆ ಒಂದೊಂದೇ ಗೇಟಿನ ಮುಂದೆ ನಿಂತು ‘ಯಾವ ಜನ’ ಎಂದು ಕೇಳಿಸಿಕೊಳ್ಳುವುದು. ಗಂಡನಿಗೆ ಫೋನ್ ಮಾಡಿ ಕೇಳುತ್ತೇನೆ ಎಂದು ಹೊರಗೆ ಬರಬಹುದಿತ್ತು. ಅದೂ ಮಾಡಲಿಲ್ಲ. ನಕ್ಕೆ. ನಿಜವಾಗಿ ನಕ್ಕೆ, ಹಲ್ಲು ಕಾಣುವ ಹಾಗೆ.

‘ಅಯ್ಯೋ ಬಿಡಿ ಆಂಟಿ, ಇದು ನಮ್ದಲ್ಲ. ನಮ್ಮವ್ವಂದು ಹಳೇ ಹುಚ್ಚು. ಊರಿಂದ ಕಳಿಸಿದ್ಲು, ಮುದುಕಿ ಬೇಜಾರು ಮಾಡ್ಕೋಬಾರ್ದು ಅಂತ ಕಟ್ಟಿದ್ದೆ ಅಷ್ಟೆ. ನಾವು ಅಂಥೋರಲ್ಲ.’

ಬೀನ್ಸ್ ತಟ್ಟೆಯಲ್ಲಿದ್ದ ಚಾಕು ತೆಗೆದುಕೊಂಡೆ. ಯಾರೂ ಕೊಡಲಿಲ್ಲ, ಯಾರೂ ಕತ್ತರಿಸು ಎನ್ನಲಿಲ್ಲ. ಗಂಟು ಬಿಚ್ಚಿ ತೆಗೆದಿದ್ದರೂ ನಡೆಯುತ್ತಿತ್ತು. ಅವರೆದುರಿಗೆ ಕಾಣಲಿ ಎಂದು ಕತ್ತರಿಸಿದೆ. ಹುರಿ ಗಟ್ಟಿಯಾಗಿತ್ತು, ಚಾಕು ಮೊಂಡಾಗಿತ್ತು, ಮೂರು ನಾಲ್ಕು ಸಲ ಎಳೆಯಬೇಕಾಯಿತು. ಮಗಳು ಅಳಲಿಲ್ಲ. ಅಳತೆ ಕೊಡುವವಳ ಹಾಗೆ ಗಲ್ಲ ಮೇಲೆತ್ತಿ ನಿಂತಿದ್ದಳು. ಅವಳ ಕಣ್ಣು ನನ್ನ ಮುಖದ ಮೇಲಿತ್ತು. ನಾನು ಲಾಡಿಯನ್ನೇ ನೋಡುತ್ತಿದ್ದೆ.

ಓನರಮ್ಮನ ಮುಖ ತಿಳಿಯಾಯಿತು. ‘ನೋಡಿ, ನಾನು ಹೇಳ್ಲಿಲ್ವಾ, ಒಳ್ಳೆ ಜನ ಅಂತ’ ಎಂದು ಆ ಇಬ್ಬರಿಗೂ ಹೇಳಿದರು. ಆಮೇಲೆ ಅಷ್ಟು ಹೊತ್ತು ಮುಷ್ಟಿಯಲ್ಲೇ ಇದ್ದ ಅಕ್ಕಿಯನ್ನು ಜೋಳಿಗೆಗೆ ಸುರಿದು, ದೇವರ ಮನೆಯಿಂದ ಕುಂಕುಮ ತಂದು ಮಗಳ ಹಣೆಗೆ ಇಟ್ಟರು. ನಾನು ಥ್ಯಾಂಕ್ಸ್ ಆಂಟಿ ಅನ್ನು ಎಂದು ಮಗಳಿಗೆ ಹೇಳಿದೆ. ಅವಳು ಅಂದಳು.

ಮೇಲೆ ಬಂದು ಜೋಳಿಗೆಯನ್ನು ಮೊರಕ್ಕೆ ಸುರಿದೆ. ಐದೂ ಹಿಡಿ ಇದ್ದವು. ಲಾಡಿ ಇಲ್ಲದ ಮಗುವಿಗೆ ಅದನ್ನು ಬೇಯಿಸಿ ಎಡೆ ಇಡುವುದು ಹೇಗೆ? ಚೆಲ್ಲುವುದಕ್ಕೂ ಧೈರ್ಯ ಬರಲಿಲ್ಲ. ಜೋಳ ಒಂದು ಕಡೆ, ಅಕ್ಕಿ ಒಂದು ಕಡೆ ಆರಿಸುತ್ತ ಮಧ್ಯಾಹ್ನದ ತನಕ ಕೂತು, ಅವನ್ನು ನಮ್ಮ ಡಬ್ಬಿಗಳಿಗೆ ಸೇರಿಸಿಬಿಟ್ಟೆ. ಸಂಜೆ ನಲ್ಲಿಯ ಬಳಿ ಎದುರು ರೂಮಿನ ಅಮ್ಮ ಮಗಳ ಬರಿಗೊರಳು ನೋಡಿದರು. ಕೆಳಗಿನ ಮನೆಯ ಸುದ್ದಿ ಅವರಿಗೆ ಆಗಲೇ ಮುಟ್ಟಿತ್ತು.

‘ನಾನೇನೂ ನಂಬಲ್ಲಮ್ಮ ಇದನ್ನೆಲ್ಲ,’ ಎಂದರು, ಕೊಡ ಎತ್ತಿಕೊಳ್ಳುತ್ತ. ‘ಆದ್ರೂ ನೀನು ಮಗು ಕತ್ತಿಗೆ ಚಾಕು ತರಬಾರ್ದಿತ್ತು.’

ನಾನು ಮೆಟ್ಟಿಲ ಮೇಲೆ ಅವರೊಡನೆ ಜಗಳವಾಡಿದೆ. ನಿಮಗೇನು, ನಿಮಗೆ ಸ್ವಂತ ಊರು ಹತ್ತಿರವಿದೆ, ಬಿಟ್ಟು ಹೋದರೂ ನಡೆಯುತ್ತದೆ ಎಂದೆಲ್ಲ ಕೂಗಾಡಿದೆ. ಓನರಮ್ಮನಿಗೆ ಹೇಳಬೇಕಾದ ಸಿಟ್ಟನ್ನೆಲ್ಲ, ಹರಕೆಯನ್ನು ನಂಬದೆಯೂ ಮಗುವಿನ ಮುಖ ನೋಡಿ ಕೊಟ್ಟ ಆ ಹೆಂಗಸಿನ ಮೇಲೆ ಕಾರಿದೆ. ಅವರು ಕೊಡ ಸೊಂಟಕ್ಕಿಟ್ಟುಕೊಂಡು ಪೂರ್ತಿ ಕೇಳಿಸಿಕೊಂಡು ಒಳಗೆ ಹೋದರು.

ಅವ್ವನ ಫೋನು ಬಂತು. ಐದೂ ಮನಿ ಆತವ್ವ ಎಂದೆ. ‘ನಾ ಹೇಳಿಲ್ಲ?’ ಎಂದು ಅವಳು ನಕ್ಕಳು.

ರೂಮು ಉಳಿಯಿತು. ಓನರಮ್ಮ ಮೊದಲಿಗಿಂತ ಪ್ರೀತಿಯಿಂದ ಮಾತಾಡಿಸತೊಡಗಿದರು, ಭಜನೆಗೂ ಕರೆದರು. ಎರಡು ಸಲ ಹೋಗಿ ಬಂದೆ, ಚಪ್ಪಾಳೆ ತಟ್ಟಿದೆ. ಮಾಸ್ಟರ ಮುಖವನ್ನು ಮಾತ್ರ ಮೊದಲಿನ ಹಾಗೆ ನೋಡಲಾಗುತ್ತಿರಲಿಲ್ಲ. ಅವರಲ್ಲಿ ಕಂಡು ಹೇಸಿದ್ದು ನನ್ನಲ್ಲೇ ಕೂತಿತ್ತು.

ಎರಡು ತಿಂಗಳು ಬಿಟ್ಟು ಅವ್ವ ಬಂದಳು. ಹುಬ್ಬಳ್ಳಿಯ ಕಡೆಯ ನೆಂಟರ ಮದುವೆ ಮುಗಿಸಿ, ಮೊಮ್ಮಗಳನ್ನು ನೋಡಿ ಹೋಗೋಣವೆಂದು. ಕೈಕಾಲು ತೊಳೆದು ಕೂತವಳೇ ಸಂಚಿಯಿಂದ ಕಾಗದದ ಪೊಟ್ಟಣವೊಂದನ್ನು ತೆಗೆದಳು. ಅಲಾಯಿ ಕುಣಿಯ ಬೂದಿ. ಹಬ್ಬಕ್ಕೆ ಬರಲಾಗದ ಮಕ್ಕಳ ಹಣೆಗೆ ಹಚ್ಚುವುದು ಅವಳ ವಾಡಿಕೆ. ಬಾರವ್ವ ಫಕೀರಾ ಎಂದು ಕರೆದಳು.

ಮಗಳು ಪುಸ್ತಕ ಮುಚ್ಚಿಟ್ಟು ಎದ್ದಳು. ಅಜ್ಜಿಯ ಹತ್ತಿರ ಹೋಗಲಿಲ್ಲ. ಮೊದಲು ಬಾಗಿಲಿಗೆ ಹೋಗಿ ಚಿಲಕ ಹಾಕಿದಳು. ಕಿಟಕಿಯ ಪರದೆ ಎಳೆದಳು. ಒಂದು ಮೂಲೆಯಲ್ಲಿ ಸಂದಿ ಉಳಿದಿತ್ತು, ಅದನ್ನೂ ಸರಿಮಾಡಿದಳು. ಆಮೇಲೆ ಬಂದು ಅಜ್ಜಿಯ ಮುಂದೆ ಮಂಡಿಯೂರಿ ಕೂತು ಹಣೆ ಕೊಟ್ಟಳು. ಯಾರೂ ಹೇಳಿಕೊಟ್ಟಿರಲಿಲ್ಲ.

‘ಹಾಡಹಗಲಾಗ ಬಾಗಲಾ ಯಾಕ ಹಾಕಿದಿ?’ ಎಂದಳು ಅವ್ವ.

‘ಓನರ್ ಆಂಟಿ ನೋಡ್ಬಿಟ್ರೆ ಅಮ್ಮ ಮತ್ತೆ ಚಾಕು ತಗೋತಾಳೆ ಅಜ್ಜಿ,’ ಎಂದಳು ಮಗಳು. ‘ಬೇಗ ಹಚ್ಚು, ಅಳಿಸ್ಕೊಂಡ್ಬಿಡ್ತೀನಿ.’

ಅವ್ವ ಬೂದಿಯ ಬೆರಳನ್ನು ಹಾಗೆಯೇ ಹಿಡಿದುಕೊಂಡು ನನ್ನ ಕಡೆ ತಿರುಗಿದಳು.